ಗ್ರೀನ್‌ಬರ್ಗ್ ಅವರ 2005ರ ಸಾಲಿನಲ್ಲಿ ಎರರ್: ಪ್ರತಿಕ್ರಿಯೆ
ನಿಮ್ಮ ಬೇಸ್‌ಬಾಲ್ ಅಂಕಿಅಂಶಗಳ ಪಟ್ಟಿಯಲ್ಲಿ ಆಟಗಾರ ಆಡಮ್ ಗ್ರೀನ್‌ಬರ್ಗ್ ಅವರ 2005ರ ಸಾಲಿನಲ್ಲಿ ಮಾತ್ರ ಎಕ್ಸೆಲ್ ಎರರ್ ಕೊಡುತ್ತಿದೆ ಅಂದಿರಲ್ಲ, ಡೇಟಾ ಸರಿಯಾಗೇ ಇದೆ. ಬ್ಯಾಟಿಂಗ್ ಸರಾಸರಿ ಅಂದರೆ ಹಿಟ್‌ಗಳನ್ನು (ಹೊಡೆದು ಬೇಸ್ ತಲುಪಿದ್ದು) ಅಟ್-ಬ್ಯಾಟ್‌ನಿಂದ (ಲೆಕ್ಕಕ್ಕೆ ಬರುವ ಬ್ಯಾಟಿಂಗ್ ಸರದಿ) ಭಾಗಿಸಿದ್ದು; ಬಹುಶಃ ಅಲ್ಲಿ ನೀವು ಸೊನ್ನೆಯಿಂದ ಭಾಗಿಸುತ್ತಿದ್ದೀರಿ. ಆ ವರ್ಷ ಅವರ ಅಟ್-ಬ್ಯಾಟ್ ನಿಜಕ್ಕೂ 0.

ಜುಲೈ 9ರಂದು ಶಿಕಾಗೊ ಕಬ್ಸ್ ಪರ ಮೊದಲ ಸಲ ಕ್ರೀಸಿಗೆ ಬಂದವರಿಗೆ ಮೊದಲ ಚೆಂಡೇ ತಲೆಗೆ ಬಡಿಯಿತು. ಮೈಗೆ ಚೆಂಡು ತಗುಲಿದರೆ ಬ್ಯಾಟರ್‌ಗೆ ಮೊದಲ ಬೇಸ್ ಸಿಗುತ್ತದೆ, ಅಟ್-ಬ್ಯಾಟ್ ಲೆಕ್ಕಕ್ಕೆ ಬರುವುದಿಲ್ಲ. ನಮ್ಮ ಕ್ರಿಕೆಟ್ಟಿನಲ್ಲಿ ವೈಡ್ ಬ್ಯಾಟ್ಸ್‌ಮನ್ ಎದುರಿಸಿದ ಚೆಂಡುಗಳಿಗೆ ಸೇರದ ಹಾಗೆ.

ಮೊದಲು ಫಾರ್ಮುಲಾಗೆ ಒಂದು ಇಫ್ ಹಾಕಿ: ಅಟ್-ಬ್ಯಾಟ್ 0 ಆದರೆ ಕೋಶ ಖಾಲಿ ಇರಲಿ. ಅಲ್ಲಿ .000 ತುಂಬಬೇಡಿ, ಅದು ಆಡಿ ಸೋತವನ ಅಂಕಿ.

ಆಮೇಲೆ ಆನ್-ಬೇಸ್ ಲೆಕ್ಕ, ಅಂದರೆ ಬ್ಯಾಟರ್ ಎಷ್ಟು ಸಲ ಬೇಸ್ ತಲುಪಿದ ಅನ್ನುವ ಪ್ರಮಾಣ. ಹಿಟ್, ವಾಕ್ (ನಾಲ್ಕು ಕೆಟ್ಟ ಚೆಂಡಿಗೆ ಸಿಗುವ ಬೇಸ್), ಮೈಗೆ ಬಿದ್ದದ್ದು, ಮೂರನ್ನೂ ಕೂಡಿಸಿ. ಅಟ್-ಬ್ಯಾಟ್, ವಾಕ್, ಮೈಗೆ ಬಿದ್ದದ್ದು, ಸ್ಯಾಕ್ರಿಫೈಸ್ ಫ್ಲೈಗಳ (ತಾನು ಕ್ಯಾಚ್ ಔಟಾಗಿ ಜೊತೆಗಾರನಿಗೆ ರನ್ ಕೊಡಿಸುವ ಹೊಡೆತ) ಮೊತ್ತದಿಂದ ಭಾಗಿಸಿ. 2005ಕ್ಕೆ 1.000 ಬರಬೇಕು.

2012ರ ಸಾಲು ಬಿಟ್ಟುಹೋಗಿದೆಯಾ ನೋಡಿ. ಅಕ್ಟೋಬರ್ 2ರಂದು ಮಯಾಮಿ ಮಾರ್ಲಿನ್ಸ್ ಒಂದೇ ದಿನದ ಒಪ್ಪಂದದಲ್ಲಿ ಅವರನ್ನು ಆಡಿಸಿತು, ಎದುರಾಳಿ ಮೆಟ್ಸ್ ತಂಡದ ಪಿಚರ್ (ಚೆಂಡು ಎಸೆಯುವವರು) ಆರ್. ಎ. ಡಿಕಿ ಮೂರೇ ಚೆಂಡಿನಲ್ಲಿ ಔಟ್ ಮಾಡಿದರು. ಏಳು ವರ್ಷ ಕಾದವನಿಗೆ ಸಿಕ್ಕಿದ್ದು ಹೆಚ್ಚು ತಿರುಗದೆ ಓಲಾಡುತ್ತಾ ಬರುವ, ಹೊಡೆಯಲು ಕಷ್ಟದ ನಕಲ್‌ಬಾಲ್! ಈ ಸಾಲಿನಲ್ಲಿ ಅಟ್-ಬ್ಯಾಟ್ 1, ಹಿಟ್ 0.

ಒಟ್ಟು ವೃತ್ತಿಜೀವನಕ್ಕೆ ವರ್ಷವಾರು ಸರಾಸರಿಗಳ ಸರಾಸರಿ ತೆಗೆಯಬೇಡಿ, ಮೊದಲು ಕೂಡಿಸಿ ಆಮೇಲೆ ಭಾಗಿಸಿ. ಇವರ ವಿಷಯದಲ್ಲಿ ಆನ್-ಬೇಸ್ ಎರಡು ದಾರಿಯಲ್ಲೂ .500 ಬರುತ್ತದೆ, ಬೇರೆಯವರಲ್ಲಿ ಕೈಕೊಡುತ್ತದೆ. ಬ್ಯಾಟಿಂಗ್ ಸರಾಸರಿ .000.

ಪಟ್ಟಿಯಲ್ಲಿ 1905ರ ಆಟಗಾರ ಮೂನ್‌ಲೈಟ್ ಗ್ರಹಾಂ ಇದ್ದರೆ ಆನ್-ಬೇಸ್ ಫಾರ್ಮುಲಾಗೂ ಅದೇ ಇಫ್ ಬೇಕು. ಅವರು ಬ್ಯಾಟಿಗೇ ಬರಲಿಲ್ಲ.