ಮಗಳ ಪಾಠ, ಅಪ್ಪನ ಊರು

ಕ್ಯಾಲಿಫೋರ್ನಿಯಾದಿಂದ ಓದುಗರೊಬ್ಬರು ಬರೆದಿದ್ದಾರೆ: "ಮಗಳು ಒಂಬತ್ತನೇ ತರಗತಿ. ಶಾಲೆಯಲ್ಲಿ ಚಿಕಾನೊಗಳ ಬಗ್ಗೆ, ಅಂದರೆ ಇಲ್ಲಿನ ಮೆಕ್ಸಿಕನ್ ಮೂಲದವರ ಬಗ್ಗೆ, ವಾರಗಟ್ಟಲೆ ಪಾಠ. ನಾವೂ ಹೊರಗಿನಿಂದ ಬಂದವರೇ. ಇಂಗ್ಲಿಷ್ ಕಲಿತು, ದುಡಿದು ಮೇಲೆ ಬಂದೆವು. ಅವರೂ ಹಾಗೇ ಮಾಡಬಹುದಲ್ಲ? ಗಣಿತ ಬಿಟ್ಟು ಯಾರದೋ ಅಸ್ಮಿತೆ ಕಟ್ಟಿಕೊಂಡು ನಮಗೇನಾಗಬೇಕು?" ಹೆಸರು ಹಾಕಬೇಡಿ ಎಂದಿದ್ದಾರೆ. ಕೊನೆಗೆ ಒಂದು ಸಾಲು ಸೇರಿಸಿದ್ದಾರೆ: "ನಮ್ಮ ಊರು ಮಂಜೇಶ್ವರದ ಹತ್ತಿರ. ಅಪ್ಪ ನಿಮ್ಮ ಪತ್ರಿಕೆ ತರಿಸುತ್ತಿದ್ದರು."

ಆ ಕೊನೆಯ ಸಾಲಿನಿಂದಾಗಿ ಈ ಉತ್ತರ ಉದ್ದವಾಯಿತು.

ಮೊದಲು ನಿಮ್ಮ ಕಡೆಯ ಮಾತು. ಗಣಿತ ಬೇಕು, ಇಂಗ್ಲಿಷ್ ಬೇಕು, ಬೇಡ ಅನ್ನುವವರು ಯಾರು? ರಿಚರ್ಡ್ ರೋಡ್ರಿಗಸ್ ಎಂಬ ಲೇಖಕರು ಮೆಕ್ಸಿಕನ್ ದಂಪತಿಯ ಮಗ. 1982ರಲ್ಲಿ ಬಂದ ಅವರ ಆತ್ಮಕಥೆ ಹೆಚ್ಚುಕಡಿಮೆ ನಿಮ್ಮ ವಾದವನ್ನೇ ಮಾಡುತ್ತದೆ. ಮನೆಮಾತು ಮನೆಗಿರಲಿ, ಶಾಲೆಯ ಇಂಗ್ಲಿಷಿನಿಂದಲೇ ನಾನು ನಾಲ್ಕು ಜನರ ನಡುವೆ ನಿಲ್ಲುವಂತಾದೆ ಎನ್ನುತ್ತಾರೆ. ಅದರಲ್ಲಿ ಹುರುಳಿದೆ. ಆದರೆ ಅದೇ ಪುಸ್ತಕದಲ್ಲಿ ಇನ್ನೊಂದು ಪ್ರಸಂಗವಿದೆ. ಶಾಲೆಯ ಸಿಸ್ಟರ್‌ಗಳು ಮನೆಗೆ ಬಂದು, ಮಕ್ಕಳ ಜೊತೆ ಇಂಗ್ಲಿಷಿನಲ್ಲೇ ಮಾತಾಡಿ ಎಂದು ಅಪ್ಪ ಅಮ್ಮನಿಗೆ ಹೇಳುತ್ತಾರೆ. ಅವರು ಒಪ್ಪುತ್ತಾರೆ. ಮಕ್ಕಳ ಇಂಗ್ಲಿಷ್ ಸುಧಾರಿಸುತ್ತದೆ. ಮನೆಯಲ್ಲಿ ಮಾತು ಕಡಿಮೆಯಾಗುತ್ತದೆ, ಅಪ್ಪ ಸುಮ್ಮನಾಗಿಬಿಡುತ್ತಾರೆ. ಓದಿ ಎಷ್ಟೋ ವರ್ಷವಾಯಿತು. ಲೇಖಕರ ವಾದ ಅರ್ಧ ಮರೆತಿದ್ದೇನೆ, ಆ ಅಪ್ಪ ಮಾತ್ರ ಕಣ್ಣಮುಂದೆ ಇದ್ದಾರೆ.

ಇನ್ನು "ನಾವೂ ಬಂದವರೇ" ಎಂಬ ಮಾತು. ಚಿಕಾನೊಗಳಲ್ಲಿ ಎಷ್ಟೋ ಮನೆತನದವರು ಎಲ್ಲಿಂದಲೂ ಬಂದವರಲ್ಲ. ಅಮೆರಿಕದ ಜೊತೆಗಿನ ಯುದ್ಧದಲ್ಲಿ ಸೋತ ಮೆಕ್ಸಿಕೊ 1848ರ ಗ್ವಾಡಲೂಪ್ ಹಿಡಾಲ್ಗೊ ಒಪ್ಪಂದದಲ್ಲಿ ತನ್ನ ಅರ್ಧದಷ್ಟು ನೆಲವನ್ನು ಅಮೆರಿಕಕ್ಕೆ ಬಿಟ್ಟುಕೊಟ್ಟಿತು. ನೀವು ಮನೆ ಮಾಡಿಕೊಂಡಿರುವ ಕ್ಯಾಲಿಫೋರ್ನಿಯಾ ಹೋದದ್ದೂ ಆಗಲೇ. "ನಾವು ಗಡಿ ದಾಟಲಿಲ್ಲ, ಗಡಿಯೇ ನಮ್ಮನ್ನು ದಾಟಿತು" ಎಂದು ಅವರು ಹೇಳುವುದು ಇದಕ್ಕೇ. ಈ ಮಾತನ್ನು ಮಂಜೇಶ್ವರದವರಿಗೆ ನಾನು ಬಿಡಿಸಿ ಹೇಳಬೇಕಾ? 1956ರ ನವೆಂಬರ್ 1ರಂದು ನಿಮ್ಮ ಅಜ್ಜಿ ಮನೆಯಂಗಳದಲ್ಲೇ ಇದ್ದರು, ಅಲ್ವಾ? ನಿಮ್ಮ ಮಂಜೇಶ್ವರವೂ ಸೇರಿ ಕಾಸರಗೋಡು ಕೇರಳದ್ದಾಯಿತು. ಕಯ್ಯಾರ ಕಿಞ್ಞಣ್ಣ ರೈಗಳು ನೂರು ವರ್ಷ ಬಾಳಿದರೂ ಆ ನೋವು ಬಿಡಲಿಲ್ಲ. ಈಚೆಗೂ ಕನ್ನಡ ಬಾರದ ಮೇಷ್ಟ್ರನ್ನು ಕನ್ನಡ ಮಾಧ್ಯಮದ ತರಗತಿಗೆ ಹಾಕಿದ್ದಾರೆ ಎಂದು ಅಲ್ಲಿನ ತಂದೆ ತಾಯಂದಿರು ಬೀದಿಗಿಳಿದಿದ್ದರು. ಅವರಿಗೆ "ಯಾರದೋ ಅಸ್ಮಿತೆ" ಎಂದು ನೀವು ಹೇಳುತ್ತೀರಾ?

ಟೆಕ್ಸಾಸಿನಲ್ಲಿ ಮಾರ್ಫಾ ಎಂಬ ಸಣ್ಣ ಊರಿದೆ. ಅಲ್ಲಿನ ಬ್ಲ್ಯಾಕ್‌ವೆಲ್ ಶಾಲೆಯಲ್ಲಿ ಕಲಿಯುತ್ತಿದ್ದವರು ಮೆಕ್ಸಿಕನ್ ಮನೆಗಳ ಮಕ್ಕಳು. 1954ರಲ್ಲಿ ಒಂದು ದಿನ ಶಿಕ್ಷಕರು ಮಕ್ಕಳ ಕೈಗೆ ಕಾಗದದ ಚೂರು ಕೊಟ್ಟರು. ಅದರಲ್ಲಿ "ನಾನು ಸ್ಪ್ಯಾನಿಷ್ ಮಾತಾಡುವುದಿಲ್ಲ" ಎಂದು ಬರೆಸಿ, ಚೂರುಗಳನ್ನು ಡಬ್ಬಿಗೆ ಹಾಕಿಸಿ, ಅಂಗಳದಲ್ಲಿ ಗುಂಡಿ ತೋಡಿ ಹೂಳಿದರು. "ಮಿಸ್ಟರ್ ಸ್ಪ್ಯಾನಿಷ್" ಸತ್ತರು, ಇದು ಅವರ ಮಣ್ಣು. ತಾಯಿ ಆಡುವ ಮಾತಿಗೆ ಮಗುವಿನ ಕೈಯಲ್ಲೇ ಮಣ್ಣು ಹಾಕಿಸಿದರು ನೋಡಿ. 2007ರಲ್ಲಿ ಅದೇ ಮಕ್ಕಳು ತಲೆ ನರೆತ ಮೇಲೆ ಮತ್ತೆ ಅಲ್ಲಿ ಸೇರಿ, ಸ್ಪ್ಯಾನಿಷನ್ನು ಹೊರಗೆ ತೆಗೆಯುವ ಸಮಾರಂಭ ಮಾಡಿದರು. ಟೆಕ್ಸಾಸಿನವರೇ ಆದ ಗ್ಲೋರಿಯಾ ಅನ್ಸಾಲ್ದುವಾ, ಆಟದ ಬಿಡುವಿನಲ್ಲಿ ಸ್ಪ್ಯಾನಿಷ್ ಆಡಿದ್ದಕ್ಕೆ ಬೆರಳ ಗೆಣ್ಣಿಗೆ ಸ್ಕೇಲಿನ ಏಟು ತಿಂದವರು. 1987ರಲ್ಲಿ ಬಂದ ಅವರ ಪುಸ್ತಕದಲ್ಲಿ ಎರಡೂ ಭಾಷೆ ಕಲಸಿಕೊಂಡಿವೆ. ಎಲ್ಲವನ್ನೂ ಇಂಗ್ಲಿಷಿಗೆ ತಿರುಗಿಸಿ ಕೊಡುವ ಗೋಜಿಗೆ ಅವರು ಹೋಗಲಿಲ್ಲ.

ದುಡಿದು ಮೇಲೆ ಬಂದೆವು ಎನ್ನುತ್ತೀರಿ. ಟೊಮಾಸ್ ರಿವೇರಾ ಕೂಲಿಯವರ ಮಗ. ಬೆಳೆ ಎಲ್ಲಿ ಕೊಯ್ಲಿಗೆ ಬಂತೋ ಅಲ್ಲಿಗೆ ಗುಳೆ ಹೋಗುತ್ತಿದ್ದ ಮನೆ. 1979ರಲ್ಲಿ ಅವರು ರಿವರ್‌ಸೈಡಿನ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯಕ್ಕೆ ಚಾನ್ಸಲರ್ ಆದರು. ಅದಕ್ಕೂ ಮೊದಲೇ, 1971ರಲ್ಲಿ, ಆ ಕೂಲಿಯವರ ಬದುಕನ್ನೇ ಕಾದಂಬರಿ ಮಾಡಿದ್ದರು, ಅದೂ ಸ್ಪ್ಯಾನಿಷಿನಲ್ಲಿ. ಮೇಲೆ ಬರಲು ಊರನ್ನು ಮರೆಯಬೇಕಾಗಿರಲಿಲ್ಲ.

ಈ ಪಾಠ ಯಾರೋ ದಯಮಾಡಿ ಕೊಟ್ಟದ್ದೂ ಅಲ್ಲ. 1968ರ ಮಾರ್ಚಿನಲ್ಲಿ ಪೂರ್ವ ಲಾಸ್ ಏಂಜಲೀಸಿನ ಹೈಸ್ಕೂಲು ಮಕ್ಕಳು ಸಾವಿರಗಟ್ಟಲೆ ತರಗತಿ ಬಿಟ್ಟು ಹೊರಗೆ ನಡೆದರು. ನಮ್ಮ ಚರಿತ್ರೆ ಹೇಳಿಕೊಡಿ, ನಮ್ಮ ಭಾಷೆ ಬರುವ ಶಿಕ್ಷಕರನ್ನು ಕೊಡಿ ಎಂದರು. ಬೆನ್ನಿಗೆ ನಿಂತ ಸಾಲ್ ಕ್ಯಾಸ್ಟ್ರೊ ಎಂಬ ಮೇಷ್ಟ್ರು ಸೇರಿ 13 ಜನರ ಮೇಲೆ ಒಳಸಂಚಿನ ಕೇಸು ಬಿತ್ತು. ಅದಕ್ಕೂ ಹಿಂದೆ ಮೆಂಡೆಜ್ ಕುಟುಂಬ, ಮೆಕ್ಸಿಕನ್ ಮಕ್ಕಳಿಗೆ ಬೇರೆ ಶಾಲೆ ಯಾಕೆ ಎಂದು ಕೋರ್ಟಿಗೆ ಹೋಗಿ 1947ರಲ್ಲಿ ಗೆದ್ದಿತ್ತು. ಅದೇ ವರ್ಷ ಕ್ಯಾಲಿಫೋರ್ನಿಯಾ, ಚೀನೀ ಮತ್ತು ಜಪಾನಿ ಮಕ್ಕಳನ್ನು ಬೇರೆ ಕೂರಿಸಲು ಅವಕಾಶವಿದ್ದ ಕಾನೂನನ್ನೂ ತೆಗೆದುಹಾಕಿತು. ನಿಮ್ಮ ಮಗಳು ಎಲ್ಲರ ಪಕ್ಕ ಕೂತಿರುವ ಬೆಂಚಿನಲ್ಲಿ ಆ ಮನೆಯವರ ಋಣವಿದೆ ಸ್ವಾಮಿ.

ಕೊಟ್ಟದ್ದನ್ನು ಕಿತ್ತುಕೊಳ್ಳುವುದೂ ಇದೆ. ಅರಿಜೋನಾದಲ್ಲಿ 2010ರ ಕಾನೂನು ಹಿಡಿದು 2012ರ ಜನವರಿಯಲ್ಲಿ ಟೂಸಾನ್ ಶಾಲೆಗಳ ಈ ತರಗತಿಗಳನ್ನು ಮುಚ್ಚಿಸಿದರು, ಪುಸ್ತಕಗಳನ್ನು ಪೆಟ್ಟಿಗೆಗೆ ತುಂಬಿ ಒಯ್ದರು. ಆ ತರಗತಿಗಳಲ್ಲಿ ಕೂತ ಮಕ್ಕಳು ಪಾಸಾಗಿ ಹೈಸ್ಕೂಲು ಮುಗಿಸುವುದು ಜಾಸ್ತಿ ಎಂದು ಅಲ್ಲಿನ ಸಂಶೋಧಕರು ಲೆಕ್ಕ ಹಾಕಿ ತೋರಿಸಿದ್ದಾರೆ. ನಿಮ್ಮ ಗಣಿತದ ಚಿಂತೆಗೆ ಅದೂ ಒಂದು ಉತ್ತರ. 2017ರಲ್ಲಿ, ತರಗತಿ ಮುಚ್ಚಿಸಿದ್ದರ ಹಿಂದೆ ಜನಾಂಗ ದ್ವೇಷವೇ ಇದೆ ಎಂದು ತೀರ್ಪು ಕೊಟ್ಟವರು ನ್ಯಾಯಾಧೀಶ ವಾಲೆಸ್ ತಾಶಿಮಾ. ಎರಡನೇ ಮಹಾಯುದ್ಧದ ಕಾಲದಲ್ಲಿ, ಜಪಾನಿ ಮನೆಯ ಹುಡುಗ ಎಂಬ ಕಾರಣಕ್ಕೆ, ಅದೇ ಅರಿಜೋನಾದ ಶಿಬಿರದಲ್ಲಿ ಕೂಡಿಹಾಕಲ್ಪಟ್ಟಿದ್ದವರು.

ಅಮೆರಿಕದ ಮಾತು ಹಾಗಿರಲಿ. ನಮ್ಮ ಪಕ್ಕದ ಮನೆಯ ಹುಡುಗ ಎರಡನೇ ಕ್ಲಾಸು. ಮೊನ್ನೆ ಬೆಳಿಗ್ಗೆ ಗೇಟಿನ ಹತ್ತಿರ ನಿಂತು 10 ರೂಪಾಯಿ ನೋಟನ್ನು ಮಡಚಿ ಮಡಚಿ ಜಾಮೆಟ್ರಿ ಬಾಕ್ಸಿಗೆ ತುರುಕುತ್ತಿದ್ದ. ಯಾಕೋ ಅಂದೆ. "ಫೈನು, ತಾತ" ಅಂದ. ನೀರಿನ ಬಾಟಲಿ ಮುಚ್ಚಳ ಬಿಗಿಯಾಗಿತ್ತಂತೆ. "ಇದೊಂಚೂರು ತೆಗ್ದುಕೊಡೋ" ಎಂದು ಗೆಳೆಯನಿಗೆ ಕನ್ನಡದಲ್ಲಿ ಹೇಳಿಬಿಟ್ಟಿದ್ದಾನೆ. ಇದು ಬೆಂಗಳೂರು. ನವೆಂಬರ್ 1ಕ್ಕೆ ಅದೇ ಶಾಲೆ ಹಳದಿ ಕೆಂಪು ಬಾವುಟ ಹಾರಿಸಿ ಮಕ್ಕಳ ಕೈಯಲ್ಲಿ ಕುಣಿಸುತ್ತದೆ. ಹುಡುಗನ ತಾಯಿ "ಇಂಗ್ಲಿಷ್ ಬರ್ಲಿ ಅಂತ ತಾನೇ ಸಾರ್" ಎಂದರು. ನನಗೆ ಆ ಡಬ್ಬಿ, ಆ ಗುಂಡಿ ನೆನಪಾಯಿತು. ಸಂಜೆಯವರೆಗೂ ಕೆಲಸಕ್ಕೆ ಮನಸ್ಸು ಬರಲಿಲ್ಲ.

ನಿಮ್ಮ ಮೇಲೆ ಕೋಪವಿಲ್ಲ. ಅಷ್ಟು ದೂರದಲ್ಲಿದ್ದೂ ಕನ್ನಡ ಪತ್ರಿಕೆಗೆ ಕನ್ನಡದಲ್ಲೇ ಕಾಗದ ಬರೆಯುವವರು ನೀವು, ಅದೂ ತಪ್ಪಿಲ್ಲದ ಕನ್ನಡದಲ್ಲಿ. ಒಂದು ಕೆಲಸ ಮಾಡಿ. ಮಗಳು ಆ ಪಾಠ ಓದುವಾಗ ಪಕ್ಕದಲ್ಲಿ ಕೂತುಕೊಳ್ಳಿ. 1848 ಬಂದಾಗ 1956ರ ಕಥೆ ಹೇಳಿ. ಅಜ್ಜಿ ಇದ್ದರೆ ಫೋನು ಹಚ್ಚಿ ಅವರ ಬಾಯಿಂದಲೇ ಹೇಳಿಸಿ. ಮಗಳು ಅದನ್ನು ಬರೆದರೆ ನಮಗೆ ಕಳಿಸಿ. ಕನ್ನಡ ಲಿಪಿ ಬಾರದಿದ್ದರೆ ಚಿಂತೆ ಬೇಡ, ಮಾತಾಡಿ ರೆಕಾರ್ಡ್ ಮಾಡಲಿ. ನಮ್ಮ ಕಚೇರಿಯಲ್ಲಿ ಕೇಳಿ ಬರೆದುಕೊಳ್ಳುತ್ತೇವೆ.