ಯುದ್ಧ ಗೆದ್ದ ಬ್ರಿಟನ್‌ನಲ್ಲಿ 1945ರ ನಂತರ ಮನೆಗಳಿಗೆ ಅಷ್ಟು ಬರ ಯಾಕೆ ಬಂತು? ಮನೆ ಸಿಗದವರು ಎಲ್ಲಿದ್ದರು?

ದುಡ್ಡಿನ ಕೊರತೆ ಇದ್ದೇ ಇತ್ತು. ಆದರೆ ದುಡ್ಡು ಇದ್ದರೂ ಮನೆ ಏಳುವ ಪರಿಸ್ಥಿತಿ ಇರಲಿಲ್ಲ. ನಾನು ಸುಂಟಿಕೊಪ್ಪದ ಕಡೆ ಮನೆ ಕಟ್ಟಿಸುವ ಕಂಟ್ರಾಕ್ಟರ್, ಹಾಗಾಗಿ ನನ್ನ ಕಣ್ಣು ಮೊದಲು ಹೋಗುವುದು ಕೆಲಸದವರ ಲೆಕ್ಕಕ್ಕೆ. ಯುದ್ಧಕ್ಕೆ ಮುಂಚೆ ಅಲ್ಲಿ ಸುಮಾರು 10 ಲಕ್ಷ ಕಟ್ಟಡ ಕೆಲಸಗಾರರಿದ್ದರು. 1945ರ ಹೊತ್ತಿಗೆ ಉಳಿದದ್ದು ಮೂರರಲ್ಲಿ ಒಂದು ಪಾಲು. ಅವರಿಗೂ ಬಾಂಬ್ ಬಿದ್ದ ಮನೆಗಳ ರಿಪೇರಿಯೇ ಸಾಕಷ್ಟಿತ್ತು. ಮರ ಹೊರದೇಶದಿಂದ ಬರಬೇಕು, ಅದಕ್ಕೆ ಡಾಲರ್ ಬೇಕು. ಇತ್ತ ಸೈನಿಕರು ವಾಪಸ್ ಬಂದರು, ಮದುವೆಯಾದರು, ಮಕ್ಕಳಾದವು.

2018ರ ಆಗಸ್ಟ್‌ನಲ್ಲಿ ನಮ್ಮ ಕೊಡಗಿನಲ್ಲಿ ಗುಡ್ಡ ಕುಸಿಯಿತಲ್ಲ, ಅದನ್ನು ಯುದ್ಧಕ್ಕೆ ಹೋಲಿಸಿದರೆ ಅತಿಯಾದೀತು. ಆದರೂ ಮನೆ ಕಳೆದುಕೊಂಡವರಿಗೆ ಜಂಬೂರು, ಮದೆ, ಕರ್ಣಂಗೇರಿಯಲ್ಲಿ ಮನೆ ಎದ್ದ ರೀತಿ ನೋಡಿದವರಿಗೆ ವಿಷಯ ಅರ್ಥವಾಗುತ್ತದೆ. ಮೊದಲು ಜಾಗ ಹುಡುಕಬೇಕು, ಇಳಿಜಾರು ಸಮ ಮಾಡಬೇಕು, ರಸ್ತೆ, ನೀರು, ಕರೆಂಟು ಬರಬೇಕು. ಅಷ್ಟರಲ್ಲಿ ಜೂನ್ ಬಂತು. ಪಾಯದ ಗುಂಡಿ ತುಂಬ ನೀರು, ಕೆಸರಲ್ಲಿ ಜಲ್ಲಿ ಲಾರಿ ಮೇಲೆ ಹತ್ತಲ್ಲ, ಮೇಸ್ತ್ರಿಗಳು ಊರಿಗೆ ಹೊರಟರು. ಒಂದು ಜಿಲ್ಲೆಯ ಕಥೆಯೇ ಹೀಗಾದರೆ ಇಡೀ ದೇಶದ್ದು ಹೇಗಿರಬೇಡ?

ಇನ್ನು ಎಲ್ಲಿದ್ದರು ಅಂದರೆ, ಎಷ್ಟೋ ಜನ ಅಪ್ಪ ಅಮ್ಮನ ಮನೆಯಲ್ಲೋ ಅತ್ತೆ ಮನೆಯಲ್ಲೋ ಒಂದೇ ಕೋಣೆಯಲ್ಲಿ. 1946ರಲ್ಲಿ ಜನ ಕಾಯುವುದು ಬಿಟ್ಟು ಖಾಲಿ ಬಿದ್ದ ಸೈನ್ಯದ ಕ್ಯಾಂಪುಗಳಿಗೆ ಮಕ್ಕಳು ಮರಿ ಸಮೇತ ನುಗ್ಗಿದರು. ಇಂಗ್ಲೆಂಡ್, ವೇಲ್ಸ್ ಸೇರಿ ಸುಮಾರು 40 ಸಾವಿರ ಜನ. ಎಷ್ಟೋ ಕಡೆ ಅಧಿಕಾರಿಗಳು ಕೊನೆಗೆ ಅವರನ್ನು ಅಲ್ಲೇ ಇರಲು ಬಿಟ್ಟರು, ಬಾಡಿಗೆ ವಸೂಲಿ ಮಾಡಿದರು. ಬೇರೆ ದಾರಿ ಏನಿತ್ತು ಅಲ್ವಾ?

ನನಗೆ ಹೊಟ್ಟೆಕಿಚ್ಚಾಗುವುದು ಅವರ ಪ್ರೀಫ್ಯಾಬ್ ಮನೆಗಳನ್ನು ನೋಡಿ, ಅಂದರೆ ಕಾರ್ಖಾನೆಯಲ್ಲೇ ಭಾಗಗಳನ್ನು ಮಾಡಿ ಸೈಟಿನಲ್ಲಿ ಜೋಡಿಸುವ ಮನೆಗಳು. ತಾತ್ಕಾಲಿಕ ಮನೆಗಳಿಗೆಂದೇ ಮಾಡಿದ 1944ರ ಕಾನೂನಿನಡಿ ಇಂಥವು 1.56 ಲಕ್ಷ ಆದವು. ಅದರಲ್ಲೊಂದು ಬಗೆಯನ್ನು ವಿಮಾನ ಮಾಡುತ್ತಿದ್ದ ಕಾರ್ಖಾನೆಗಳೇ ಅಲ್ಯೂಮಿನಿಯಂನಲ್ಲಿ ಮಾಡಿದವು. ಮನೆ ನಾಲ್ಕು ತುಂಡಾಗಿ ನಾಲ್ಕು ಲಾರಿಯಲ್ಲಿ ಬರುತ್ತಿತ್ತು, ಅಡುಗೆಮನೆ, ಬಚ್ಚಲಿನ ಪೈಪು ಎಲ್ಲ ಕೂಡಿಸಿಯೇ. ಸೈಟಿನಲ್ಲಿ ಪಾಯದ ಮೇಲೆ ಇಳಿಸಿ ಬೋಲ್ಟ್ ಬಿಗಿದರೆ ಆಯಿತು. ಒಳಗೆ ಫ್ರಿಜ್ ಬೇರೆ! ಆ ಕಾಲಕ್ಕೆ ಅಲ್ಲಿನ ಕೂಲಿಕಾರರ ಮನೆಗಳಲ್ಲಿ ಅದು ಕಂಡವರೇ ಕಡಿಮೆ.

ಈ ಪ್ರೀಫ್ಯಾಬ್‌ಗಳು ಸುಮಾರು 10 ವರ್ಷ ಬಾಳಿದರೆ ಸಾಕು ಅಂತ ಲೆಕ್ಕ ಹಾಕಿದ್ದರು. ಆದರೆ ಲಂಡನ್ನಿನ ಕ್ಯಾಟ್‌ಫರ್ಡ್‌ನಲ್ಲಿ 2009ರಲ್ಲೂ ಜನ ಆ ಕಾಲದ ಪ್ರೀಫ್ಯಾಬ್ ಮನೆಗಳಲ್ಲೇ ಇದ್ದರು. ಆರು ಮನೆಗಳನ್ನು ಕೆಡವಬಾರದೆಂದು ಸರ್ಕಾರ ಆ ವರ್ಷ ಸಂರಕ್ಷಿತ ಪಟ್ಟಿಗೆ ಸೇರಿಸಿತು.