ಹೊಲ ಮಾರಿ ಮಗನಿಗೆ ಕಾರ್ಬನ್ ಸೈಕಲ್ ಕೊಡಿಸಬೇಕೇ?

ಹೊಲ ಮಾರಬೇಡಿ.

ಮಗನಿಗೆ 17, ಜೂನಿಯರ್ ನ್ಯಾಷನಲ್ಸ್‌ನಲ್ಲಿ ನಾಲ್ಕನೇ ಸ್ಥಾನ ಬಂದಿದೆ, ಮುಂದಕ್ಕೆ ಹೋಗಲು ಮೂರೂವರೆ ಲಕ್ಷದ ಕಾರ್ಬನ್ ಸೈಕಲ್ (ಕಾರ್ಬನ್ ನಾರಿನ ಹಗುರ ಫ್ರೇಮಿನದ್ದು) ಬೇಕು ಅಂತ ಎಲ್ಲರೂ ಹೇಳುತ್ತಿದ್ದಾರೆ, ಒಂದು ಎಕರೆಗೆ ಗಿರಾಕಿಯೂ ಬಂದಿದ್ದಾನೆ ಅಂತ ಬರೆದಿದ್ದೀರಿ. ಓದುತ್ತಿದ್ದಂತೆ ನಮ್ಮ ಮನೆಯ ಖಾಲಿ ಕೊಟ್ಟಿಗೆ ನೆನಪಾಯಿತು. 2012ರ ಜನವರಿ. ಅಪ್ಪ ಜೋಡೆತ್ತು ಮಾರಿ, ಸಾಲದ್ದಕ್ಕೆ ಸೊಸೈಟಿಯಲ್ಲಿ ಸಾಲ ತೆಗೆದು ನನಗೆ ಸೈಕಲ್ ತಂದುಕೊಟ್ಟಿದ್ದ. ಎತ್ತು ಹೋದ ಮರುದಿನ ಬೆಳಿಗ್ಗೆ ಅವ್ವ ಅಭ್ಯಾಸಬಲದಿಂದ ಬಕೆಟ್ ತುಂಬಾ ನೀರು ಹಿಡಿದುಕೊಂಡು ಕೊಟ್ಟಿಗೆಗೆ ಹೋಗಿ, ಅಲ್ಲೇ ನಿಂತುಬಿಟ್ಟಿದ್ದಳು.

ನಾನು ವಿಜಯಪುರ ಜಿಲ್ಲೆಯವನು, ಆಗಿನ್ನೂ ಬಿಜಾಪುರ. 2006ರಲ್ಲಿ ಎಂಟನೇ ಇಯತ್ತೆಗೆ ಸೈಕ್ಲಿಂಗ್ ಹಾಸ್ಟೆಲ್ ಸೇರಿದೆ. ನಸುಕಿನಲ್ಲಿ ಎದ್ದು ಸೊಲ್ಲಾಪುರ ರಸ್ತೆ ಹಿಡಿದು ಹೊರ್ತಿ ಕಡೆ ಹೋಗುತ್ತಿದ್ದೆವು. ಸಾಲಾಗಿ, ಮುಂದಿನವನ ಗಾಲಿಗೂ ನಮ್ಮ ಗಾಲಿಗೂ ಒಂದು ಗೇಣು ಅಂತರ. ಕೋಚ್ ಸರ್ ಹಿಂದಿನಿಂದ ಬೈಕ್ ಮೇಲೆ ಬಂದು, ಯಾರು ಸೊಂಟ ಅಲ್ಲಾಡಿಸುತ್ತಿದ್ದಾರೆ, ಯಾರ ಮಂಡಿ ಹೊರಗೆ ಹೋಗುತ್ತಿದೆ ಅಂತ ಹೆಸರು ಹಿಡಿದು ಕೂಗುತ್ತಿದ್ದರು. ಸೈಕಲ್ ಹಾಸ್ಟೆಲ್‌ನದ್ದೇ, ಅಲ್ಯೂಮಿನಿಯಂ. ನನಗಿಂತ ಮೊದಲು ಮೂವರು ಓಡಿಸಿದ್ದರು. ಅದೇ ಸೈಕಲ್ ಮೇಲೆ 2011ರಲ್ಲಿ ಜೂನಿಯರ್ ನ್ಯಾಷನಲ್ಸ್‌ನ ಟೀಮ್ ಟೈಮ್ ಟ್ರಯಲ್‌ನಲ್ಲಿ, ಅಂದರೆ ತಂಡವಾಗಿ ಗಡಿಯಾರದ ವಿರುದ್ಧ ಓಡುವ ರೇಸ್‌ನಲ್ಲಿ, ನಮ್ಮ ತಂಡಕ್ಕೆ ಬೆಳ್ಳಿ ಬಂತು, ಒಬ್ಬೊಬ್ಬರೇ ಓಡುವ ಟೈಮ್ ಟ್ರಯಲ್‌ನಲ್ಲಿ ನಾನು ಐದನೆಯವನು. ಇಲ್ಲಿವರೆಗೆ ಎಲ್ಲ ಸರಿ ಇತ್ತು.

ಮುಂದಿನದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಬೇಸರ ಮಾಡಿಕೊಳ್ಳಬೇಡಿ. ನನ್ನ ಎರಡು ವರ್ಷ ಇಲ್ಲೇ ಹೋಯಿತು.

ಆಗ ಜೂನಿಯರ್ ಹುಡುಗರಿಗೆ ಗೇರ್ ಮಿತಿ ಇತ್ತು. ಪೆಡಲ್ ಒಂದು ಪೂರ್ತಿ ಸುತ್ತು ತಿರುಗಿದರೆ ಸೈಕಲ್ 7.93 ಮೀಟರ್‌ಗಿಂತ ಹೆಚ್ಚು ಮುಂದೆ ಹೋಗಬಾರದು. ಚೈನ್ ಕೂರುವ ಚಕ್ರದ ಹಲ್ಲಿನ ಲೆಕ್ಕದಲ್ಲಿ ಮುಂದೆ 52, ಹಿಂದೆ 14. ರೇಸ್ ಮುಗಿದ ಕೂಡಲೇ ನೆಲದ ಮೇಲೆ ಎರಡು ಗೆರೆ ಎಳೆದಿರುವ ಜಾಗಕ್ಕೆ ಸೈಕಲ್ ತೆಗೆದುಕೊಂಡು ಹೋಗಬೇಕು. ಅಧಿಕಾರಿ ಸೈಕಲನ್ನು ದೊಡ್ಡ ಗೇರ್‌ಗೆ ಹಾಕಿ, ಪೆಡಲ್ ನೆಟ್ಟಗೆ ಕೆಳಗಿಟ್ಟು, ಹಿಂದಕ್ಕೆ ತಳ್ಳುತ್ತಾ ಹೋಗುತ್ತಾರೆ. ಪೆಡಲ್ ಒಂದು ಸುತ್ತು ಮುಗಿಯುವಾಗ ಗಾಲಿ ಗೆರೆ ದಾಟಿತೋ, ಗೆದ್ದ ಪದಕವೂ ಹೋಯಿತು. ನಾವು ಆ ಗೆರೆಯನ್ನು ಬೈಯುತ್ತಿದ್ದೆವು. ಇಳಿಜಾರಿನಲ್ಲಿ ಕಾಲು ಗಿರಗಿರ ತಿರುಗುತ್ತದೆ, ವೇಗ ಮಾತ್ರ ಏರುವುದಿಲ್ಲ. ಇದೊಂದು ಇಲ್ಲದಿದ್ದರೆ ನಮ್ಮನ್ನು ಹಿಡಿಯುವವರೇ ಇಲ್ಲ ಅಂದುಕೊಂಡಿದ್ದೆವು.

2012 ಬಂತು. ನನಗೆ ಜೂನಿಯರ್ ವಯಸ್ಸು ದಾಟಿತು, ಮಿತಿಯೂ ಹೋಯಿತು. ಕೈಗೆ ಹೊಸ ಸೈಕಲ್ ಬಂತು. ಹೊಸದು ಅಂದರೆ ನಮಗೆ ಹೊಸದು, ಬೇರೆ ರಾಜ್ಯದ ಸೀನಿಯರ್ ಒಬ್ಬರು ಓಡಿಸಿದ ಕಾರ್ಬನ್ ಫ್ರೇಮ್. ಮುಂದೆ 53 ಹಲ್ಲು, ಹಿಂದೆ 11ರವರೆಗೆ. ಪೆಡಲ್ ಒಂದು ಸುತ್ತಿಗೆ ಹತ್ತು ಮೀಟರ್! ನಾನು ಆ ಚಳಿಗಾಲವಿಡೀ 53-11ರಲ್ಲೇ ಓಡಿಸಿದೆ. ಸರ್ ಹೇಳಿಕೊಟ್ಟದ್ದಲ್ಲ ಇದು. ಅವರು ಹಿಂದೆ ಇದ್ದಾಗ ಗೇರ್ ಇಳಿಸುತ್ತಿದ್ದೆ, ಒಬ್ಬನೇ ಆದಾಗ ಏರಿಸುತ್ತಿದ್ದೆ.

ಲೆಕ್ಕ ನೋಡಿ. ಗಂಟೆಗೆ 36 ಕಿ.ಮೀ. ವೇಗ ಬೇಕು ಅಂದುಕೊಳ್ಳಿ. 52-17ರಲ್ಲಿ ನಿಮಿಷಕ್ಕೆ ಸುಮಾರು 94 ಸಲ ಪೆಡಲ್ ತಿರುಗಿಸಬೇಕು. 53-11ರಲ್ಲಿ 60 ಸಲ ಸಾಕು. ವೇಗ ಅದೇ, ದಮ್ಮು ಕಮ್ಮಿ ಖರ್ಚಾದ ಹಾಗೆ ಅನಿಸುತ್ತದೆ. ಆದರೆ ಒಂದೊಂದು ತುಳಿತಕ್ಕೂ ಮಂಡಿ ಒಂದೂವರೆ ಪಟ್ಟು ಜಾಸ್ತಿ ಭಾರ ಹೊರುತ್ತದೆ. ಎದುರು ಗಾಳಿ ಬಂದರೆ 60 ಹೋಗಿ 50 ಆಗುತ್ತಿತ್ತು. ನಾನು ಇಡೀ ಮೈ ಹ್ಯಾಂಡಲ್ ಮೇಲೆ ಹಾಕಿ ತುಳಿಯುತ್ತಿದ್ದೆ. ತೊಡೆ ತಿಂಗಳಲ್ಲಿ ದಪ್ಪ ಆಯಿತು. ಕನ್ನಡಿಯಲ್ಲಿ ನೋಡಿಕೊಂಡು ಖುಷಿಪಟ್ಟೆ. ಆಮೇಲೆ ಫಿಸಿಯೋ ಒಬ್ಬರು ತಿಳಿಸಿ ಹೇಳಿದರು: ಮಾಂಸಖಂಡ ವಾರಗಳಲ್ಲಿ ಬಲಿಯುತ್ತದೆ, ಅದನ್ನು ಮೂಳೆಗೆ ಕಟ್ಟಿರುವ ಟೆಂಡನ್ ಬಲಿಯಲು ತಿಂಗಳುಗಟ್ಟಲೆ ಬೇಕು. ಹಗ್ಗ ಹಳೆಯದು, ಎತ್ತು ಹೊಸದು. ಏನಾಗಬೇಕೋ ಅದೇ ಆಯಿತು.

ಇನ್ನೊಂದು ವಿಷಯ. ಆ ಫ್ರೇಮ್ ನನಗೆ ಸಣ್ಣದು. ನನ್ನ ಎತ್ತರಕ್ಕೆ 56 ಸೆಂ.ಮೀ. ಅಳತೆಯ ಫ್ರೇಮ್ ಬೇಕಿತ್ತು, ಅದು 52. ಸೀಟಿನ ಕಂಬವನ್ನು ಕೊನೆಯ ಗುರುತಿನವರೆಗೆ ಎತ್ತಿದರೂ ಎರಡು ಸೆಂಟಿಮೀಟರ್ ತಗ್ಗೇ ಉಳಿಯಿತು. ಸೀಟ್ ತಗ್ಗಾದರೆ ಮಂಡಿ ಪ್ರತಿ ಸುತ್ತಿಗೂ ಜಾಸ್ತಿ ಮಡಚುತ್ತದೆ, ಮುಂಭಾಗಕ್ಕೆ ಒತ್ತಡ ಬೀಳುತ್ತದೆ. ಇದು ನನಗೆ ಮೊದಲ ದಿನವೇ ಗೊತ್ತಾಗಿತ್ತು. ಹೇಗೆ ಹೇಳಲಿ? ಎತ್ತು ಮಾರಿ ತಂದ ಸೈಕಲ್ ಅಳತೆಗೆ ಬರಲಿಲ್ಲ ಅಂತ ಯಾವ ಬಾಯಲ್ಲಿ ಹೇಳಲಿ?

ಫೆಬ್ರವರಿಯಲ್ಲಿ ಎಡ ಮಂಡಿಚಿಪ್ಪಿನ ಕೆಳಗೆ ಸಣ್ಣಗೆ ಚುಚ್ಚಲು ಶುರುವಾಯಿತು. ಬೆರಳಿಟ್ಟು ಒತ್ತಿದರೆ ಒಂದೇ ಒಂದು ಜಾಗ, ಜೋಳದ ಕಾಳಿನಷ್ಟು. ಓಡಿಸಲು ಶುರು ಮಾಡಿದರೆ ಹತ್ತು ನಿಮಿಷದಲ್ಲಿ ಮಾಯ. ಹಾಗಾಗಿ ಏನೂ ಇಲ್ಲ ಅಂದುಕೊಂಡೆ. ನಿಮ್ಮ ಮಗನಿಗೂ ಹೀಗೆ ಆದರೆ ದಯವಿಟ್ಟು ಇದನ್ನು ನೆನಪಿಡಿ. ಬಿಸಿಯಾದ ಮೇಲೆ ಹೋಗುವ ನೋವು ವಾಸಿಯಾದ ನೋವಲ್ಲ. ಮಾರ್ಚ್‌ನಲ್ಲಿ ಮೆಟ್ಟಿಲು ಇಳಿಯುವಾಗ ಗೋಡೆ ಹಿಡಿಯುತ್ತಿದ್ದೆ. ಯುಗಾದಿಗೆ ಊರಿಗೆ ಹೋದಾಗ ಅಪ್ಪ ನೋಡಿದ.

"ಯಾಕಪಾ, ಕಾಲ ಎಳಿಯಾಕತ್ತೀಯಲ್ಲ?"

"ಏನಿಲ್ಲ ಬಿಡಪ್ಪಾ, ಚಪ್ಪಲಿ ಕಚ್ಚೇತಿ."

ಆವತ್ತು ಕಾಲಲ್ಲಿ ಚಪ್ಪಲಿಯೇ ಇರಲಿಲ್ಲ. ಅಪ್ಪ ಮತ್ತೆ ಕೇಳಲಿಲ್ಲ.

ಏಪ್ರಿಲ್‌ನಲ್ಲಿ ದೆಹಲಿಯ ರಾಷ್ಟ್ರೀಯ ಶಿಬಿರಕ್ಕೆ ಕರೆ ಬಂತು. ಎಂಟನೇ ಇಯತ್ತೆಯಿಂದ ಕಾದದ್ದೇ ಅದಕ್ಕೆ. ಅಲ್ಲಿ ವೆಲೋಡ್ರೋಮ್ ಇದೆ, ಸೈಕಲ್ ರೇಸ್‌ಗೆಂದೇ ಕಟ್ಟಿದ ಮರದ ಟ್ರ್ಯಾಕ್, ತಿರುವಿನಲ್ಲಿ ಗೋಡೆಯ ಹಾಗೆ ಎದ್ದು ನಿಲ್ಲುತ್ತದೆ. ಟ್ರ್ಯಾಕ್ ಸೈಕಲ್‌ಗೆ ಬ್ರೇಕ್ ಇಲ್ಲ, ಗೇರ್ ಬದಲಿಸುವಂತಿಲ್ಲ, ಪೆಡಲ್ ನಿಲ್ಲಿಸುವಂತೆಯೂ ಇಲ್ಲ. ಗಾಲಿ ತಿರುಗಿದಷ್ಟೂ ಕಾಲು ತಿರುಗಲೇಬೇಕು. ನಿಂತ ಜಾಗದಿಂದ ಎದ್ದು ತುಳಿಯುವ ಸ್ಟಾರ್ಟ್ ಇದೆಯಲ್ಲ, ಅದನ್ನು ದಿನಕ್ಕೆ ಎಂಟು ಸಲ ಮಾಡಿಸುತ್ತಿದ್ದರು. ನಾನು ನೋವಿನ ಮಾತ್ರೆ ನುಂಗಿ ಇಳಿಯುತ್ತಿದ್ದೆ. ಹನ್ನೊಂದು ವಾರ ಹೀಗೆ ಮುಚ್ಚಿಟ್ಟೆ, ಫೆಬ್ರವರಿಯಿಂದ ಲೆಕ್ಕ ಹಾಕಿದರೆ. ಒಂದು ಬೆಳಿಗ್ಗೆ ಮೂರನೇ ಸ್ಟಾರ್ಟ್‌ಗೆ ಕಾಲು ಒತ್ತಿದೆ, ಕಾಲು ಮಾತು ಕೇಳಲಿಲ್ಲ. ಸೈಕಲ್ ಸಮೇತ ಪಕ್ಕಕ್ಕೆ ವಾಲಿಬಿಟ್ಟೆ. ಮೇ ತಿಂಗಳಲ್ಲಿ ಮನೆಗೆ ಕಳಿಸಿದರು. ಅವರದ್ದೇನೂ ತಪ್ಪಿಲ್ಲ. ಮೊದಲ ದಿನವೇ ಹೇಳಿದ್ದರೆ ಆರು ವಾರ ಹಗುರವಾಗಿ ಓಡಿಸಿ ಸರಿ ಮಾಡಬಹುದಿತ್ತು ಅಂದರು ಅಲ್ಲಿನ ಡಾಕ್ಟರ್.

ಆರು ವಾರದ್ದು ಎರಡು ವರ್ಷ ಆಯಿತು. ಮೊದಲ ನಾಲ್ಕು ತಿಂಗಳು ಸುಮ್ನೆ ಮಲಗಿದೆ, ಅದೂ ತಪ್ಪೇ. ಟೆಂಡನ್ ವಿಶ್ರಾಂತಿಯಿಂದ ಮಾತ್ರ ಗಟ್ಟಿಯಾಗುವುದಿಲ್ಲ, ಅಳತೆ ಮಾಡಿ ಭಾರ ಕೊಡಬೇಕು. ಕೊನೆಗೆ ಆ ಫಿಸಿಯೋ ಸಿಕ್ಕರು. ಇಳಿಜಾರಾಗಿ ಕೊಯ್ದ ಹಲಗೆಯ ಮೇಲೆ ಒಂಟಿ ಕಾಲಲ್ಲಿ ನಿಂತು, ನಿಧಾನಕ್ಕೆ ಕೂರುತ್ತಾ ಹೋಗುವುದು. ಬೆಳಿಗ್ಗೆ, ಸಂಜೆ, ತಿಂಗಳುಗಟ್ಟಲೆ. ಆ ಹಲಗೆಯನ್ನು ಊರಿನ ಬಡಿಗರೇ ಮಾಡಿಕೊಟ್ಟರು, ದುಡ್ಡು ತಗೊಳ್ಳಲಿಲ್ಲ.

2014ರ ಕೊನೆಗೆ ಮತ್ತೆ ರೇಸ್‌ಗೆ ಇಳಿದೆ. ಮಾರನೇ ವರ್ಷ ಸ್ಪೋರ್ಟ್ಸ್ ಕೋಟಾದಲ್ಲಿ ರೈಲ್ವೆ ಸೇರಿದೆ. ಸೀನಿಯರ್ ನ್ಯಾಷನಲ್ಸ್‌ನಲ್ಲಿ ಆರು ವರ್ಷ ಓಡಿದೆ. ಟೈಮ್ ಟ್ರಯಲ್‌ನಲ್ಲಿ ಆರನೇ ಸ್ಥಾನ, ಅದೇ ನನ್ನ ಎಲ್ಲಕ್ಕಿಂತ ಒಳ್ಳೆಯ ಓಟ. ಆ ಶಿಬಿರದ ಬಾಗಿಲು ಮತ್ತೆ ತೆರೆಯಲಿಲ್ಲ.

ಈಗ ನಿಮ್ಮ ಸೈಕಲ್ ವಿಷಯ. ಕಾರ್ಬನ್ ಕೆಟ್ಟದ್ದು ಅಂತ ನಾನು ಹೇಳುವುದಿಲ್ಲ. ಆದರೆ ನಮ್ಮ ಕಡೆಯ ಸಮತಟ್ಟು ರಸ್ತೆಯಲ್ಲಿ 40 ಕಿ.ಮೀ. ವೇಗಕ್ಕೆ ಏರಿದರೆ ಸೈಕ್ಲಿಸ್ಟ್ ಹೋರಾಡುವುದು ಹೆಚ್ಚಾಗಿ ಗಾಳಿಯ ಜೊತೆ. ಸೈಕಲ್ ಒಂದು ಕಿಲೋ ಹಗುರಾದರೆ ಅಲ್ಲಿ ಗೊತ್ತೂ ಆಗುವುದಿಲ್ಲ. ಬೆನ್ನು ತಗ್ಗಿಸಿ, ಮೊಣಕೈ ಒಳಗೆ ತಂದು, ಮೈಗಂಟಿದ ಜೆರ್ಸಿ ಹಾಕಿದರೆ ಗೊತ್ತಾಗುತ್ತದೆ. ಅದಕ್ಕೆ ಎಕರೆ ಮಾರಬೇಕಿಲ್ಲ. ಅಂತರರಾಷ್ಟ್ರೀಯ ರೇಸ್‌ಗಳಲ್ಲಿ 6.8 ಕಿಲೋಗಿಂತ ಹಗುರ ಸೈಕಲ್‌ಗೆ ಅನುಮತಿಯೇ ಇಲ್ಲ. ಹುಡುಗ ಶಿಬಿರದ ಮಟ್ಟ ಮುಟ್ಟಿದರೆ ಟ್ರ್ಯಾಕ್ ಸೈಕಲ್ ಅಲ್ಲೇ ಸಿಗುತ್ತದೆ, ನನಗೂ ಸಿಕ್ಕಿತ್ತು. 2019ರಲ್ಲಿ ಜರ್ಮನಿಯಲ್ಲಿ ನಡೆದ ಜೂನಿಯರ್ ವಿಶ್ವ ಟ್ರ್ಯಾಕ್ ಚಾಂಪಿಯನ್‌ಶಿಪ್‌ನಲ್ಲಿ ಎಸೋ ಆಲ್ಬೆನ್, ರೊನಾಲ್ಡೊ ಸಿಂಗ್ ಇದ್ದ ನಮ್ಮ ತಂಡ ಟೀಮ್ ಸ್ಪ್ರಿಂಟ್ ಚಿನ್ನ ಗೆದ್ದಿತಲ್ಲ, ಅವತ್ತು ನಾನು ಡ್ಯೂಟಿಯಲ್ಲಿದ್ದೆ, ಫೋನ್ ಹಿಡಿದು ಅತ್ತುಬಿಟ್ಟೆ. ರೊನಾಲ್ಡೊ 2022ರಲ್ಲಿ ಏಷ್ಯನ್ ಚಾಂಪಿಯನ್‌ಶಿಪ್‌ನ ಸ್ಪ್ರಿಂಟ್‌ನಲ್ಲಿ ಬೆಳ್ಳಿಯನ್ನೂ ತಂದ. ಆದರೂ 1964ರ ಟೋಕಿಯೊ ಆದಮೇಲೆ ನಮ್ಮ ದೇಶದ ಒಬ್ಬ ಸೈಕ್ಲಿಸ್ಟೂ ಒಲಿಂಪಿಕ್ಸ್‌ಗೆ ಹೋಗಿಲ್ಲ. ದಾರಿ ಅಷ್ಟು ಉದ್ದ ಇದೆ. ಅಷ್ಟು ದಾರಿ ಸವೆಸಬೇಕಾದದ್ದು ಅವನ ಮಂಡಿ.

ಜೂನಿಯರ್‌ಗಳಿಗೆ ಇದ್ದ ಆ ಗೇರ್ ಮಿತಿಯನ್ನು 2023ರ ಜನವರಿಯಿಂದ ಅಂತರರಾಷ್ಟ್ರೀಯ ಸೈಕ್ಲಿಂಗ್ ಒಕ್ಕೂಟ ರಸ್ತೆ ರೇಸ್‌ಗಳಲ್ಲಿ ತೆಗೆದುಹಾಕಿದೆ. ನಾವು ಬೈಯುತ್ತಿದ್ದ ಗೆರೆ ಈಗ ಇಲ್ಲ. ಅಂದರೆ ನಾನು 19ಕ್ಕೆ ಮಾಡಿದ ತಪ್ಪನ್ನು ನಿಮ್ಮ ಮಗ 17ಕ್ಕೇ ಮಾಡಬಹುದು, ಯಾರೂ ತಡೆಯುವುದಿಲ್ಲ. ಹೊಸ ಸೈಕಲ್ ಬಂದರೆ ಅದರಲ್ಲಿ ಹಿಂದೆ ಸಾಮಾನ್ಯವಾಗಿ 11 ಹಲ್ಲಿನ ಗೇರ್ ಇರುತ್ತದೆ. ದೊಡ್ಡ ಗೇರ್ ಬೇಡವೇ ಬೇಡ ಅಂತಲ್ಲ. ವಾರಕ್ಕೊಂದು ಸಲ, ಸರ್ ಕಣ್ಣೆದುರು, ಸ್ವಲ್ಪ ಹೊತ್ತು. ಉಳಿದ ದಿನ ನಿಮಿಷಕ್ಕೆ 90ರ ಮೇಲೆ ಕಾಲು ತಿರುಗಲಿ. ಪೆಡಲ್ ಎಣಿಸುವ ಸೆನ್ಸರ್ ಒಂದನ್ನು ಕೊಡಿಸಿ, ಕೆಲವೇ ಸಾವಿರದ ಮಾತು. ನೋವಿಗೆ ಯಾರೋ ಕೊಡುವ ಇಂಜೆಕ್ಷನ್ ಮಾತ್ರ ಮುಟ್ಟಬಾರದು. ಸ್ಟೀರಾಯ್ಡ್ ಇರುವಂಥದ್ದು 2022ರಿಂದ ಸ್ಪರ್ಧೆಯ ಸಮಯದಲ್ಲಿ ಪೂರ್ತಿ ನಿಷೇಧ, ಗೊತ್ತಿಲ್ಲದೆ ಸಿಕ್ಕಿಬೀಳುತ್ತಾನೆ. ಪಿಯುಸಿ ಬಿಡಿಸಲೇ ಅಂತಲೂ ಕೇಳಿದ್ದೀರಿ. ಬಿಡಿಸಬೇಡಿ. ಸ್ಪೋರ್ಟ್ಸ್ ಕೋಟಾದ ನೌಕರಿಗೂ ಮಾರ್ಕ್ಸ್ ಕಾರ್ಡ್ ಕೇಳುತ್ತಾರೆ.

ಹೊಲ ಮಾರಬೇಡಿ ಅನ್ನಲು ದುಡ್ಡು ಮುಖ್ಯ ಕಾರಣ ಅಲ್ಲ. ಹೊಲ ಮಾರಿದ ದಿನದಿಂದ ನಿಮ್ಮ ಮಗ ನಿಮ್ಮ ಹತ್ತಿರ ಕಾಲು ನೋಯುತ್ತಿದೆ ಅಂತ ಹೇಳುವುದಿಲ್ಲ. ನಾನು ಹೇಳಲಿಲ್ಲ. ಅಪ್ಪನ ಮುಖ ನೋಡಿದರೆ ನನಗೆ ಎತ್ತು ಕಾಣುತ್ತಿತ್ತು. ನಿಜ ಹೇಳಿದ್ದು 2016ರಲ್ಲಿ, ನನ್ನ ಸಂಬಳದಲ್ಲಿ ಹೊಸ ಜೋಡಿ ಕೊಂಡು ತಂದ ಸಂಜೆ. ಅಪ್ಪ ಎತ್ತಿನ ಬೆನ್ನು ತಿಕ್ಕುತ್ತಲೇ ಕೇಳಿಸಿಕೊಂಡ.

"ಅವತ್ತ ಹೇಳಿದ್ದರ ಮರುದಿನಾನ ಸೈಕಲ್ ಮಾರಿ ಬರ್ತಿದ್ನಲ್ಲೋ. ಚಪ್ಪಲಿ ಅಂದಿ ನೀ."

ಇವತ್ತು ಸಂಜೆ ಒಂದು ಕೆಲಸ ಮಾಡಿ. ಮಗನನ್ನು ಬರಿಗಾಲಲ್ಲಿ ಗೋಡೆಗೆ ಬೆನ್ನು ಕೊಟ್ಟು ನಿಲ್ಲಿಸಿ. ದಪ್ಪ ಪುಸ್ತಕವೊಂದನ್ನು ಎರಡು ಕಾಲಿನ ನಡುವೆ, ಸೀಟಿನ ಮೇಲೆ ಕೂತಷ್ಟೇ ಬಿಗಿಯಾಗಿ ಮೇಲಕ್ಕೆ ಒತ್ತಿ ಹಿಡಿಯಲು ಹೇಳಿ. ಪುಸ್ತಕದ ಮೇಲಿನ ಅಂಚಿನಿಂದ ನೆಲದವರೆಗೆ ಅಳೆದು, ಅದನ್ನು 0.883ರಿಂದ ಗುಣಿಸಿ. ಪೆಡಲ್ ಕಡ್ಡಿ ತಿರುಗುವ ನಡುಬಿಂದುವಿನಿಂದ ಸೀಟಿನ ಮೇಲ್ಭಾಗದವರೆಗೆ ಹೆಚ್ಚುಕಮ್ಮಿ ಅಷ್ಟು ಇರಬೇಕು. 80 ಸೆಂ.ಮೀ. ಬಂದರೆ ಸೀಟ್ 70.6. ಆಮೇಲೆ ಎರಡೂ ಮಂಡಿಚಿಪ್ಪಿನ ಕೆಳಗೆ ನಿಮ್ಮ ಹೆಬ್ಬೆರಳಿನಿಂದ ಒತ್ತಿ, ಒತ್ತುವಾಗ ಅವನ ಮುಖ ನೋಡಿ. ಈಗಿನ ಸೈಕಲ್‌ನ ಫ್ರೇಮ್ ಅಳತೆ, ಮುಂದಿನ ಹಿಂದಿನ ಹಲ್ಲಿನ ಸಂಖ್ಯೆ, ಅವನ ಎತ್ತರ ಇಲ್ಲೇ ಕೆಳಗೆ ಬರೆಯಿರಿ. ರಾತ್ರಿ ಡ್ಯೂಟಿ ಮುಗಿಸಿ ನೋಡಿ ಉತ್ತರ ಹಾಕುತ್ತೇನೆ.